ಅಂಗಳದ ಬಿಸಿಲು

ಪಕ್ಕದ ಮನೆಯ ಗುಲಾಟಿಯ ನಾಲ್ಕನೇ ಮಹಡಿಯ ಗೋಡೆಗೆ ಸುತ್ತಿಗೆ ಬಿದ್ದ ಸದ್ದು ಕೇಳಿದ್ದೇ ತಡ, ಮದನ್‌ಗೋಪಾಲ ಭಸೀನರು ಅಂಗಳಕ್ಕೆ ಓಡಿಬಂದು ನ್ಯಾಯಮೂರ್ತಿಗಳ ದನಿಯನ್ನು ಅನುಕರಿಸಿ ಗಂಟಲು ತೆಗೆದರು: "ನಮ್ಮ ಆದೇಶಾನ ಏನ್ರೀ ಅಂದ್ಕೊಂಡಿದ್ದೀರಿ, ತ್ಯಾಗಿ? ಕಡಲೆಕಾಯಿ ಕಟ್ಟೋ ಕಾಗದಾನಾ?"

ಗಲ್ಲಿಯಲ್ಲಿ ನಿಂತಿದ್ದ ಪಾಲಿಕೆಯ ಕಟ್ಟಡ ಇಲಾಖೆಯ ಎಂಜಿನಿಯರ್ ತ್ಯಾಗಿ ಬೆಚ್ಚಿಬಿದ್ದು, ಆಮೇಲೆ ನಕ್ಕ. "ವಾಹ್ ಬಾವೂಜಿ! ದಿಲ್ಲಿ ಚಳೀಲೂ ಬೆವರಿಳಿಸಿಬಿಟ್ರಿ."

ಅಕ್ರಮ ಮಹಡಿಗಳನ್ನು ಕೆಡವಿ, ಗಲ್ಲಿ ಅಗಲ ಮಾಡಲು ಗುಲಾಟಿಯ ಜಾಗವನ್ನು ವಶಪಡಿಸಿಕೊಳ್ಳಿ ಎಂದು ಕೋರ್ಟು ಹೇಳಿ ವರ್ಷಗಳಾಗಿದ್ದವು. ಜಾಗ ಬರಲಿಲ್ಲ, ಮಹಡಿ ಇಳಿಯಲಿಲ್ಲ. ಭಸೀನರು ನ್ಯಾಯಾಂಗ ನಿಂದನೆಯ ಅರ್ಜಿ ಹಾಕಿದ ಮೇಲೆ ಒಂದು ಪದ್ಧತಿ ಮಾತ್ರ ಶುರುವಾಗಿತ್ತು. ವಿಚಾರಣೆಯ ಹಿಂದಿನ ದಿನ ಆಳುಗಳು ಬಂದು ಗೋಡೆಯಲ್ಲೊಂದು ಕಿಂಡಿ ಒಡೆಯುವುದು, ತ್ಯಾಗಿ ಫೋಟೋ ತೆಗೆದುಕೊಳ್ಳುವುದು, ಅವರೆಲ್ಲ ಗಲ್ಲಿ ದಾಟುವಷ್ಟರಲ್ಲಿ ಗುಲಾಟಿಯ ಗಾರೆಯವನು ಇಟ್ಟಿಗೆ ಹೊತ್ತು ಮೇಲೇರುವುದು. ಹೋದ ಸಲ ಮೇ ತಿಂಗಳು, ಅದರ ಹಿಂದಿನ ಸಲ ಆಗಸ್ಟ್. ಈ ಸಲ ಜನವರಿ.

ತ್ಯಾಗಿಯ ಬಳಗ ಹೊರಟಿತು. ಭಸೀನರು ಕೂಗಿದರು: "ತೃಪ್ತಾ, ಫೋನ್ ತಾರೇ! ಕಿಂಡಿ ಮುಚ್ಚೋದನ್ನ ಪೂರ್ತಿ ವಿಡಿಯೋ ಹಿಡೀತೀನಿ. ನಾಳೆ ಆ ತ್ಯಾಗಿಗೆ ತಿಹಾರ್ ಜೈಲಿನ ದಾಲೇ ಗತಿ!"

ತಿರುಗಿದರೆ, ಒಂದು ತಿಂಗಳಿಂದ ರಜಾಯಿ ಬಿಟ್ಟೇಳದ ಹೆಂಡತಿ, ಮಂಡಿ ನೋವನ್ನೂ ಮರೆತು ಹಗ್ಗದ ಮಂಚ ಎಳೆದು ತರುತ್ತಿದ್ದಳು. ಮಹಡಿಯ ಆಚೆ ಬದಿಯ ಬಾಲ್ಕನಿಯಿಂದ ಹೊಕ್ಕ ಬಿಸಿಲು ಕಿಂಡಿಯಲ್ಲಿ ನುಸುಳಿ, ಅಂಗಳದಲ್ಲಿ ಮಂಚದಷ್ಟಗಲ ಬಿದ್ದಿತ್ತು. ತೃಪ್ತಾ ಅದರ ನಡುವೆ ಕೂತು, ತಲೆಯ ಶಾಲು ಜಾರಿಸಿ, ಕಣ್ಣು ಮುಚ್ಚಿದಳು. ಗುಲಾಟಿ ಮಹಡಿ ಎಬ್ಬಿಸುವ ಮುಂಚೆ ಚಳಿಗಾಲದ ಮಧ್ಯಾಹ್ನಗಳಲ್ಲಿ ಗಲ್ಲಿಯ ಹೆಂಗಸರೆಲ್ಲ ಇಲ್ಲೇ ಇರುತ್ತಿದ್ದರು. ಬಟಾಣಿ ಸುಲಿಯುತ್ತ, ಸ್ವೆಟರ್ ಹೆಣೆಯುತ್ತ, ಬಾರದ ಸೊಸೆಯಂದಿರ ಮಾನವನ್ನು ಸಿಪ್ಪೆಯ ಜೊತೆ ಉದುರಿಸುತ್ತ.

ಮೇಲೆ ಮೊದಲ ಸಾಲು ಇಟ್ಟಿಗೆ ಕೂತಿತು. ಬಿಸಿಲು ಒಂದು ಗೇಣು ಕುಗ್ಗಿತು. ತೃಪ್ತಾ ಅಷ್ಟೇ ಸರಿದು ಕೂತಳು.

"ಬನ್ನಿ ಇಲ್ಲಿ. ಇನ್ನೂ ಇಬ್ಬರು ಕೂರೋವಷ್ಟಿದೆ."

"ಸಾಕ್ಷಿ ಕಣೇ ಇದು, ಸಾಕ್ಷಿ!"

"ಹೋದ ಸಲಾನೂ ತೆಗೆದ್ರಲ್ಲಾ. ಕೋರ್ಟಲ್ಲಿ ಏನಂದ್ರು?"

ಭಸೀನರು ಮತ್ತೆ ನ್ಯಾಯಮೂರ್ತಿಗಳಾದರು. "ಇಲಾಖೆಗೆ ಇದು ಕಟ್ಟಕಡೆಯ ಅವಕಾಶ..." ಫೋನಿನ ಮಾತನ್ನು ಅಲ್ಲಿಗೇ ಬಿಟ್ಟರು. ಬಂದು ಹೆಂಡತಿಯ ಪಕ್ಕ ಕೂತರು. ಎಷ್ಟೋ ಚಳಿಗಾಲಗಳ ಮೇಲೆ ಅವಳ ಮೂಗುಬೊಟ್ಟು ಮಿಂಚುವುದನ್ನು ಕಂಡರು.

ಇಟ್ಟಿಗೆ ಏರುತ್ತಲೇ ಇತ್ತು. ಬಿಸಿಲು ಮಡಿಲಿಗಿಳಿಯಿತು, ಮಡಿಲಿಂದ ಅಂಗೈಗೆ ಬಂತು.

"ರೀ," ಎಂದಳು ತೃಪ್ತಾ, ಅಂಗೈ ಅಲುಗಿಸದೆ. "ನಾಳೆ ಹೇಗೂ ವಿಚಾರಣೆ ಮುಂದಕ್ಕೆ ಹಾಕ್ತಾರೆ. ಚಳಿ ಮುಗಿಯೋದ್ರೊಳಗಿನ ತಾರೀಖೇ ಕೇಳಿ."