ತಿಯಾವ್ ಹೊಳೆಯಾಚೆಯ ಗಂಟೆ

ಮಿಜೋರಾಮಿಗೂ ಬರ್ಮಾಕ್ಕೂ ಗಡಿಯಾದ ತಿಯಾವ್ ಹೊಳೆಯ ಎರಡು ದಡದ ಊರುಗಳ ನಡುವೆ ತಲೆಮಾರುಗಳಿಂದ ಬಗೆಹರಿಯದ ಒಂದು ಘನಗಂಭೀರ ವಿಷಯವಿತ್ತು: ಭಾನುವಾರ ಯಾರ ಚರ್ಚಿನ ಗಂಟೆ ಮೊದಲು ಮೊಳಗಬೇಕು ಎಂಬುದು. ಬರ್ಮಾದ ಗಡಿಯಾರ ಒಂದು ತಾಸು ಮುಂದಿರುವುದರಿಂದ ಆಚೆಯವರೇ ಗೆಲ್ಲುತ್ತಿದ್ದರು. ಯುದ್ಧಕ್ಕೆ ಹೆದರಿ ಆಚೆಯ ಊರಿಗೆ ಊರೇ ಮಿಜೋರಾಮಿಗೆ ಓಡಿಬಂದ ಮೇಲೆ, ಈಚೆಯ ಗಂಟೆಗಾರ ಥಂಜೌವ, "ಈ ವಾರ ನಾನೇ ಮೊದಲು," ಎಂದು ಹಗ್ಗಕ್ಕೆ ಕೈಹಾಕಿದ.

ಅಷ್ಟರಲ್ಲಿ ಆಚೆಯ ಗಂಟೆ ಮೊಳಗಿತು. ಮೂರು ಹೊಡೆತ, ಬಿಡುವು, ಮತ್ತೆ ಮೂರು.

ಚರ್ಚಿನ ಅಂಗಳದಲ್ಲಿ ಬಿಡಾರ ಹೂಡಿದ್ದವರೆಲ್ಲ ಎದ್ದು ನಿಂತರು. "ಸೈನಿಕರು ತೊಲಗಿರಬೇಕು, ಯಾರೋ ನಮ್ಮನ್ನ ಕರೀತಿದಾರೆ. ನನ್ನ ಹಂದಿ ಉಪವಾಸ ಬಿದ್ದಿರತ್ತೆ," ಎನ್ನುತ್ತ ಒಬ್ಬಳು ಮಗುವನ್ನು ಬೆನ್ನಿಗೆ ಕಟ್ಟಿಕೊಂಡಳು. ಥಂಜೌವ, ಅವರೊಡನೆ ಓಡಿಬಂದಿದ್ದ ಆಚೆಯ ಗಂಟೆಗಾರ ಹ್ರಂಗ್‌ಕಿಮನನ್ನು ಕೆಣಕಿದ: "ಥೇಟ್ ನಿನ್ನ ಕೈಯೇ. ಬಾರಿಸೋಕೆ ಯಾರನ್ನ ಬಿಟ್ಟು ಬಂದೆ ಮಾರಾಯ?"

ಹ್ರಂಗ್‌ಕಿಮ ನಗಲಿಲ್ಲ. ಚೀಲದಿಂದ ಬಟ್ಟೆ ಸುತ್ತಿದ್ದ ಮೊಳದುದ್ದದ ಕಬ್ಬಿಣವನ್ನು ತೆಗೆದು ಎಲ್ಲರ ಮುಂದಿಟ್ಟ.

"ನಮ್ಮ ಗಂಟೆಯ ನಾಲಗೆ. ಸೈನಿಕರ ಕೈಗೆ ಸಿಗಬಾರದು ಅಂತ ಬಿಚ್ಚಿಕೊಂಡು ಬಂದೆ."

ಆಚೆ ಗಂಟೆ ಮೊಳಗುತ್ತಲೇ ಇತ್ತು. ಹೆಂಗಸು ಬೆನ್ನಿನ ಗಂಟು ಬಿಚ್ಚಿ ಮಗುವನ್ನು ಕೆಳಗಿಳಿಸಿದಳು. ಆ ಭಾನುವಾರ ಯಾರೂ ಹೊಳೆ ದಾಟಲಿಲ್ಲ.