ತುಪ್ಪದ ಕೊಪ್ಪರಿಗೆ

ಅನಂತರಾಯರು ತುಪ್ಪದ ಕೊಪ್ಪರಿಗೆಯಿಂದ ಎದ್ದು ಎರಡನೆಯ ಸಲ ಹುಟ್ಟಿದಾಗ ಅವರಿಗೆ ಐವತ್ತೈದು ವರ್ಷ. ತುಪ್ಪದ್ದು ಎಂಬುದು ಶಾಸ್ತ್ರದ ಮಾತು. ಚಿಮ್ಮಡದ ಗಾಣದಿಂದ ಎರವಲು ತಂದ ಬೆಲ್ಲ ಕಾಸುವ ಕೊಪ್ಪರಿಗೆ ಅದು. ಅದರಲ್ಲಿ ಒಂದು ತಂಬಿಗೆ ತುಪ್ಪ, ಉಳಿದದ್ದೆಲ್ಲ ಬಿಸಿನೀರು. “ಇಷ್ಟು ತುಟ್ಟಿ ಕಾಲದಾಗ ಶಾಸ್ತ್ರಾನೂ ಒಂದೀಟು ಹೊಂದಿಕೋತದರಿ,” ಎಂದು ಭಟ್ಟರು ಸಮಾಧಾನ ಹೇಳಿದ್ದರು. ಮೊಣಕಾಲಿಗೆ ಗದ್ದ ಒತ್ತಿಕೊಂಡು ಬಸಿರಿನ ಕೂಸಿನಂತೆ ಕುಳಿತಿದ್ದ ರಾಯರಿಗೆ ಏಳುವ ಹೊತ್ತಿಗೆ ಸೊಂಟ ಹಿಡಿದುಕೊಂಡಿತು. ಮಗ ನೀಲಕಂಠನೇ ರಟ್ಟೆ ಹಿಡಿದೆಬ್ಬಿಸಿ ಹೆರಿಗೆ ಮಾಡಿಸಿದ.

ಮತ್ತೆ ಹುಟ್ಟಬೇಕಾಗಿ ಬಂದದ್ದು ಒಮ್ಮೆ ಸತ್ತಿದ್ದರಿಂದ. ಆ ಮನೆಯ ಗಂಡಸರ ಕಾಲಲ್ಲೇ ಚಕ್ರ. ಅಜ್ಜ ಸಂಸ್ಥಾನಿಕರ ಬೆನ್ನು ಹಿಡಿದು ಕೊಂಕಣದಿಂದ ಜಮಖಂಡಿಗೆ ಬಂದವನು. ಅಪ್ಪ ಬಡೋದೆಯಲ್ಲಿ ಅರ್ಧ ಆಯುಷ್ಯ ಕಳೆದವನು. ನೀಲಕಂಠ ತೊಟ್ಟಿಲಲ್ಲಿದ್ದಾಗ ಅನಂತರಾಯರು ಅವರಿಬ್ಬರನ್ನೂ ಮೀರಿಸಿ, ಹಡಗು ಹತ್ತಿ, ಆಫ್ರಿಕಾದ ಮೊಂಬಾಸಾಕ್ಕೆ ರೈಲ್ವೆ ಕಾರಕೂನರಾಗಿ ಹೋದರು. ಒಂದೆರಡು ವರ್ಷ ಕಾಗದ ಬಂದವು. ಆಮೇಲೆ ಆ ನೌಕರಿ ಹೋಯಿತು. ಬರಿಗೈಯಲ್ಲಿ ಏನೆಂದು ಬರೆಯುವುದು, ಇನ್ನೊಂದು ಸಿಕ್ಕ ಮೇಲೆ ಬರೆದರಾಯಿತು ಎಂದುಕೊಂಡರು. ಸಿಕ್ಕ ಮೇಲೆ, ಇಷ್ಟು ದಿನ ಯಾಕೆ ಬರೆಯಲಿಲ್ಲ ಎಂಬುದನ್ನೂ ಬರೆಯಬೇಕಾಗಿತ್ತು. ಅದು ಅವರಿಂದ ಆಗಲಿಲ್ಲ. ವರ್ಷ ಕಳೆದಷ್ಟೂ ನಾಚಿಕೆ ಬಲಿಯಿತು.

ಹನ್ನೆರಡು ವರ್ಷ ಸುದ್ದಿ ಇಲ್ಲದವನು ಸತ್ತಂತೆ. ಮುತ್ತಲ ಎಲೆ, ದರ್ಭೆ ಕೂಡಿಸಿ ಊರಲ್ಲಿ ಅವರ ಗೊಂಬೆ ಮಾಡಿದರು. ಹುಡುಗ ನೀಲಕಂಠ ಅದಕ್ಕೆ ಬೆಂಕಿ ಇಟ್ಟ. ಹೆಂಡತಿ ಮಥುರಾಬಾಯಿಯ ತಾಳಿ ಹರಿದು, ತಲೆ ಬೋಳಿಸಿ, ಕೆಂಪು ಸೀರೆ ಉಡಿಸಿದರು.

ಅದಾಗಿ ಎಷ್ಟೋ ವರ್ಷದ ಮೇಲೆ, ಹೋದ ತಿಂಗಳು, ಕುಡಚಿಯಲ್ಲಿ ರೈಲಿಳಿದು ರಾಯರು ಊರು ಸೇರಿದಾಗ, ಅವರು ಬಿಟ್ಟುಹೋಗಿದ್ದ ಸಂಸ್ಥಾನವೂ ಸತ್ತು ಮುಂಬಯಿ ರಾಜ್ಯದಲ್ಲಿ ಹುಟ್ಟಿಯಾಗಿತ್ತು. ಅದಕ್ಕೇನೂ ಕೊಪ್ಪರಿಗೆ ಬೇಕಾಗಿರಲಿಲ್ಲ, ಪುಣ್ಯವಂತ ಸಂಸ್ಥಾನ. ರಾಯರು ಮಾತ್ರ, ಭಟ್ಟರು ಗ್ರಂಥ ತಿರುವಿ ದಾರಿ ಹುಡುಕುವವರೆಗೆ, ಹೊರಗಿನ ಕೋಣೆಯಲ್ಲೇ ಉಂಡರು, ಅಲ್ಲೇ ಮಲಗಿದರು. ಮಥುರಾಬಾಯಿ ಎದುರಿಗೆ ಬರಲಿಲ್ಲ. ನೀಲಕಂಠ ಬರುತ್ತಿದ್ದ, ಬಂದು ಕೇಳುತ್ತಿದ್ದದ್ದು ಒಂದೇ.

“ಆಫ್ರಿಕಾದಾಗ ಈಗ ಟೈಪಿಂಗ್ ಬಂದವರಿಗೆ ನೌಕರಿ ಸಿಗತದೇನ್ರಿ?”

ಅಪ್ಪಾ ಎಂದು ಒಮ್ಮೆಯೂ ಕರೆಯಲಿಲ್ಲ. ಮೊಂಬಾಸಾದ ಅಷ್ಟು ವರ್ಷಗಳಲ್ಲೂ ರಾಯರಿಗೆ ಇಷ್ಟು ಒಂಟಿ ಎನಿಸಿರಲಿಲ್ಲ. ಅಲ್ಲಿದ್ದಾಗ, ಹೋಗಲು ಒಂದು ಮನೆ ಇದೆ ಎಂಬ ನೆನಪಾದರೂ ಜೊತೆಗಿತ್ತು.

ಮೈ ಒರೆಸಿಕೊಂಡು ಕೂತ ಮೇಲೆ ನಾಮಕರಣ. ಮನೆಯಲ್ಲಿ ಹಿರಿಯರು ಯಾರೂ ಉಳಿದಿರಲಿಲ್ಲವಾದ್ದರಿಂದ ಮಗನೇ ಬಗ್ಗಿ ಅಪ್ಪನ ಕಿವಿಯಲ್ಲಿ “ಅನಂತ” ಎಂದು ಉಸುರಿದ. ಬಂದಾಗಿನಿಂದ ಅವನು ಅವರನ್ನು ಕರೆದದ್ದು ಇದೇ ಮೊದಲು, ಅದೂ ಹೆಸರು ಹಿಡಿದು. ರಾಯರ ಕಣ್ಣು ತುಂಬಿ ಬಂತು.

“ಹುಟ್ಟಿದ ಕೂಸು ಅಳಬೇಕ್ರಿ. ಛಲೋ ಆತು,” ಎಂದರು ಭಟ್ಟರು.

ಹೊಸ ಜನಿವಾರವೂ ಬಿತ್ತು. ಉಳಿದದ್ದು ಮದುವೆ. ಹೊಸದಾಗಿ ಹುಟ್ಟಿದವನು ತನ್ನ ಹೆಂಡತಿಯ ಕೈಯನ್ನು ಹೊಸದಾಗಿ ಹಿಡಿಯಬೇಕು. ಇದೊಂದಕ್ಕಾಗಿ ರಾಯರು ಬೆಳಗಿನಿಂದ ಎಲ್ಲ ನಗೆಪಾಟಲನ್ನೂ ನುಂಗಿಕೊಂಡಿದ್ದರು. ತಟ್ಟೆಯಲ್ಲಿ ತಾಳಿ, ಅದರ ಪಕ್ಕದಲ್ಲಿ ರಬಕವಿಯಿಂದ ತರಿಸಿದ ಹಸಿರು ಸೀರೆ.

“ಮಥುರಾಬಾಯಾರ, ಬರ್ರಿ ಹೊರಗ,” ಎಂದು ಭಟ್ಟರು ಕೂಗಿದರು.

ಆಕೆ ಅಡಿಗೆಮನೆಯ ಹೊಸ್ತಿಲವರೆಗೆ ಬಂದು ನಿಂತಳು. ಕೆಂಪು ಸೆರಗು ಹಣೆಯವರೆಗೆ ಇಳಿದಿತ್ತು. ತಟ್ಟೆಯನ್ನೂ ನೋಡಿದಳು, ರಾಯರನ್ನೂ ನೋಡಿದಳು.

“ಭಟ್ಟರ, ಇವತ್ತ ಕಟ್ಟಿಸಿಕೊಂಡದ್ದನ್ನ ಮತ್ತೊಂದು ದಿವಸ ಹರಿಸಿಕೋಬೇಕಾಗತದಲ್ಲ?”

“ಅಂಥಾ ಮಾತು ಯಾಕ ತಾಯಿ, ಈ ಶುಭ ಹೊತ್ತಿನ್ಯಾಗ? ದೇವರು ನಿಮ್ಮ ಕುಂಕುಮ ತಿರುಗಿ ಕೊಡಲಿಕತ್ತಾನ. ಯಾರಿಗೆ ಸಿಗತದ ಈ ಭಾಗ್ಯ?”

ರಾಯರಿಗೆ ಕೂತಿರಲಾಗಲಿಲ್ಲ. ಹಸಿ ಪಂಚೆಯಲ್ಲೇ ಎದ್ದು ನಿಂತರು.

“ಮಥುರಾ, ನಂದ ತಪ್ಪು. ಖರೆ ಹೇಳತೇನಿ, ಇನ್ನ ನಿನ್ನ ಬಿಟ್ಟು ಎಲ್ಲೂ ಹೋಗೂದಿಲ್ಲ.”

ಆಕೆಯ ಮುಖದಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ಕಾಲಿಗಾದರೂ ಬೀಳಬಹುದಿತ್ತು ಎಂದು ರಾಯರಿಗೆ ಅನಿಸಿತು. ಆಕೆ ಮಾತಾಡಿದ್ದು ಭಟ್ಟರ ಕಡೆಗೆ ತಿರುಗಿ, ಮನೆಗೆ ಬಂದ ಪರವೂರಿನವರ ಎದುರು ಮಾತಾಡುವಷ್ಟು ಮೆಲ್ಲಗೆ.

“ನಮ್ಮವರು ಇದ್ದಾಗ ಒಂದ ದಿವಸ ನನ್ನ ಜೋಡಿ ಕೂತು ಮಾತಾಡಲಿಲ್ಲ, ಭಟ್ಟರ. ಸತ್ತ ಮ್ಯಾಲೆನ ಮನ್ಯಾಗ ನಿಂತರು. ಒಲಿ ಹಚ್ಚುವಾಗ ನಾ ಅವರ ಕೂಡ ಮಾತಾಡತೇನಿ, ಅವರೂ ಕೇಳತಾರ. ಈಗ ಅವರನ್ನ ಬಿಟ್ಟು ಇನ್ನೊಬ್ಬರನ್ನ ಮದುವಿ ಆಗು ಅಂತೀರಲ್ಲ, ಇದು ಯಾವ ಶಾಸ್ತ್ರರಿ?”