ಮಾತಿನ ಫೈಲು

“ಅಪ್ಪನ ಬಾಯಿ ಕಟ್ಟಿಸಿದ್ದು ನೀನೇ ತಾನೆ?” ಗಂಡ ಹೆಂಡತಿಯ ಮೇಲೆ ಹರಿಹಾಯ್ದ.

ತೀರಿಕೊಂಡ ಅಪ್ಪನನ್ನು ಅವನು ಕಂಪ್ಯೂಟರಿನಲ್ಲಿ ಅವತಾರ್ ಮಾಡಿಸಿ ಕೂರಿಸಿದ್ದ. ಅದೇ ಮುಖ, ಅದೇ ದನಿ, ಮಾತು ಮಾತಿಗೂ ಅಮ್ಮನಿಗೆ “ನೀನು ಸುಮ್ನಿರೇ, ನಿಂಗೇನು ಗೊತ್ತು” ಅನ್ನುವ ಅದೇ ಗದರಿಕೆ. ಒಂದು ವಾರದಿಂದ ಅದು ಬರೀ ಕಣ್ಣು ಪಿಳಿಪಿಳಿ ಬಿಡುತ್ತಿತ್ತು.

“ನಾನು ಮುಟ್ಟಿಲ್ಲ. ಅವರು ಬದುಕಿದ್ದಾಗಲೇ ಸಾಕಾಗಿತ್ತು, ಆದ್ರೂ ಮುಟ್ಟಿಲ್ಲ.”

ಕಂಪ್ಯೂಟರಿನ ಮುಂದೆ ಕೂತಿದ್ದ ರಿಪೇರಿಯವನು ತಲೆಯೆತ್ತದೆ ಹೇಳಿದ: “ಮಾತಾಡಿಸೋ ಲೈಬ್ರರಿ ಫೈಲನ್ನ ಯಾರೋ ಅಳಿಸಿದ್ದಾರೆ ಸಾರ್. ಇದೊಂದನ್ನ ಮುಟ್ಟಬೇಡಿ, ಮುಟ್ಟಿದ್ರೆ ಯಜಮಾನ್ರು ಮೂಕರಾಗ್ತಾರೆ ಅಂತ ಇದನ್ನ ಹಾಕಿಕೊಟ್ಟ ದಿನವೇ ಮನೆಯವರಿಗೆಲ್ಲ ತೋರಿಸಿದ್ದೆ.”

“ಕೇಳಿಸ್ತಾ? ಪಾಪ, ಅಮ್ಮ ಈಗ್ಲೂ ದಿನಾ ಆ ಮೂಕನ ಮುಂದೆ ಕೂತು ಗಂಟೆಗಟ್ಟಲೆ ಮಾತಾಡ್ತಾಳೆ. ನಿನಗೆ ಕರುಳು ಅನ್ನೋದಿದೆಯಾ?” ಅವನು ರಿಪೇರಿಯವನತ್ತ ತಿರುಗಿದ. “ಹಾಕಯ್ಯಾ ಆ ಫೈಲ್ ವಾಪಸ್!”

ಮೂಲೆಯಲ್ಲಿ ಕೂತಿದ್ದ ಅಮ್ಮ ಎದ್ದು ಬಂದು, ಮೌಸಿನ ಮೇಲಿದ್ದ ರಿಪೇರಿಯವನ ಕೈಯನ್ನು ಗಟ್ಟಿಯಾಗಿ ಹಿಡಿದಳು.

“ಇನ್ನೊಂದು ವಾರ ಬಿಡಪ್ಪಾ. ಮದುವೆಯಾದಾಗಿನಿಂದ ಇವರಿಗೆ ಹೇಳಬೇಕು ಅಂದ್ಕೊಂಡಿದ್ದು ಇನ್ನೂ ಅರ್ಧವೂ ಮುಗಿದಿಲ್ಲ.”